ಪಹಣಿ ಓದುವುದು ಹೇಗೆ? ಮೂರನೇ ಕಾಲಂನಲ್ಲಿ ಎಡವಬೇಡಿ

ಸಾಲಕ್ಕೆ ಪಹಣಿ, ಅಂದರೆ ಜಮೀನು ಯಾರದ್ದು, ಎಷ್ಟು, ಅದರಲ್ಲಿ ಬೆಳೆ ಏನು ಅಂತ ಹೇಳುವ ಕಂದಾಯ ದಾಖಲೆ ಬೇಕು. ಬೆಳೆ ವಿಮೆಗೆ ಬೇಕು, ಪರಿಹಾರಕ್ಕೆ ಬೇಕು, ಅಣ್ಣತಮ್ಮಂದಿರ ಪಾಲಿಗೂ ಬೇಕು. ನಾಡಕಚೇರಿಯಲ್ಲಿ ತೆಗೆಸುತ್ತೇವೆ, ಮಡಚಿ ಜೇಬಿಗೆ ಹಾಕುತ್ತೇವೆ, ಕೇಳಿದವರ ಕೈಗೆ ಕೊಡುತ್ತೇವೆ. ಒಳಗೆ ಏನಿದೆ ಅಂತ ಕೂತು ಓದುವವರು ಕಡಿಮೆ. ಅಕ್ಷರ ಬಾರದೆ ಅಲ್ಲ, ಪದಗಳೇ ಹೊರಗಿನವು ಅನ್ನಿಸುತ್ತವೆ. ಖುಷ್ಕಿ, ತರಿ, ಖರಾಬು, ಹಿಸ್ಸಾ, ಪೌತಿ ಎಲ್ಲವೂ ಪರ್ಷಿಯನ್, ಅರಬಿ ಕಡೆಯಿಂದ ಬಂದು ಕಂದಾಯದ ಕಡತದಲ್ಲಿ ಉಳಿದುಕೊಂಡ ಮಾತುಗಳು. ಪಹಣಿ ಅನ್ನುವುದು ಮರಾಠಿಯಿಂದ ಬಂದದ್ದು. ಹೊಲಕ್ಕೆ ಹೋಗಿ ಕಣ್ಣಾರೆ ನೋಡುವುದು ಅಂತ ಅದರ ಅರ್ಥ. ಇಂಥ ಹತ್ತಿಪ್ಪತ್ತು ಪದ ಗೊತ್ತಾದರೆ ಸಾಕು, ನಿಮ್ಮ ಜಮೀನಿನ ಕಾಗದವನ್ನು ನೀವೇ ಓದಬಹುದು.

ನಿಮ್ಮ ಪಹಣಿಯನ್ನು ಮುಂದೆ ಹರಡಿಕೊಳ್ಳಿ. ಒಂದು ಪೆನ್ಸಿಲ್ ಇರಲಿ.

ಮೊದಲೆರಡು ಕಾಲಂ ಸರ್ವೆ ನಂಬರ್ ಮತ್ತು ಹಿಸ್ಸಾ. ಹಿಸ್ಸಾ ಅಂದರೆ ಪಾಲು. 45/2 ಅಂತಿದ್ದರೆ 45ನೇ ಸರ್ವೆ ನಂಬರಿನ ಎರಡನೇ ಪಾಲು. ನಂಬರಿನ ಜೊತೆ 'ಪೈಕಿ' ಅಂತಲೋ 'ಪೈ' ಅಂತಲೋ ಇದ್ದರೆ ಅಲ್ಲಿ ಪೆನ್ಸಿಲ್ ಗುರುತು ಹಾಕಿ. ನಿಮ್ಮ ಭಾಗ ಇನ್ನೂ ಅಳತೆಯಾಗಿ ಬೇರೆ ಆಗಿಲ್ಲ ಅಂತ ಅದರರ್ಥ. ಅದನ್ನು ಬೇರೆ ಮಾಡಿಸುವುದಕ್ಕೆ ಪೋಡಿ ಅನ್ನುತ್ತಾರೆ.

ಮೂರನೇ ಕಾಲಂ ವಿಸ್ತೀರ್ಣ. ಜಾಸ್ತಿ ಜನ ಎಡವುವುದು ಇಲ್ಲೇ. 2.20 ಅಂತ ಬರೆದಿರುತ್ತದೆ. ಅದು ಎರಡು ಪಾಯಿಂಟ್ ಎರಡು ಎಕರೆ ಅಲ್ಲ, 2 ಎಕರೆ 20 ಗುಂಟೆ. ಅಂದರೆ ಎರಡೂವರೆ ಎಕರೆ! 40 ಗುಂಟೆಗೆ 1 ಎಕರೆ. 33 ಅಡಿ ಉದ್ದ, 33 ಅಡಿ ಅಗಲದ ಜಾಗ 1 ಗುಂಟೆ, ಅಂದರೆ 1,089 ಚದರ ಅಡಿ. ಗುಂಟೆಯ ಕೆಳಗೆ ಆಣೆ, 16 ಆಣೆಗೆ 1 ಗುಂಟೆ.

ಹಾಗಾಗಿ ಇಲ್ಲಿ ಸುಮ್ನೆ ಕ್ಯಾಲ್ಕ್ಯುಲೇಟರ್ ಒತ್ತಬೇಡಿ. 3.10 ಇರುವ ಹೊಲವನ್ನು ಇಬ್ಬರು ಅಣ್ಣತಮ್ಮಂದಿರು ಸಮ ಮಾಡಿಕೊಳ್ಳಬೇಕು ಅಂತಿಟ್ಟುಕೊಳ್ಳಿ. ಕ್ಯಾಲ್ಕ್ಯುಲೇಟರ್ 1.55 ಅನ್ನುತ್ತದೆ. ಅಂಥ ಲೆಕ್ಕವೇ ಇಲ್ಲ, ಯಾಕೆಂದರೆ ಗುಂಟೆಯ ಜಾಗದಲ್ಲಿ 39ಕ್ಕಿಂತ ದೊಡ್ಡ ಅಂಕಿ ಬರುವಂತಿಲ್ಲ. ಮೊದಲು ಎಲ್ಲವನ್ನೂ ಗುಂಟೆ ಮಾಡಿಕೊಳ್ಳಿ: 3 ಎಕರೆಗೆ 120, ಅದಕ್ಕೆ 10 ಸೇರಿಸಿದರೆ 130. ಅರ್ಧ 65. ತಿರುಗಿ ಎಕರೆಗೆ ತಂದರೆ 1 ಎಕರೆ 25 ಗುಂಟೆ. ಒಂದೊಂದು ಗುಂಟೆಗೂ ಮನಸ್ತಾಪ ಆಗುವ ಹೊತ್ತಿನಲ್ಲಿ ಈ ಲೆಕ್ಕ ಮನೆಯಲ್ಲಿ ಒಬ್ಬರಿಗಾದರೂ ಬರಬೇಕು.

ಅದೇ ಕಾಲಂನಲ್ಲಿ ಖರಾಬು ಇರುತ್ತದೆ. ಸಾಗುವಳಿಗೆ ಬಾರದ ಜಾಗ ಅದು. ಇದರಲ್ಲಿ ಎರಡು ಬಗೆ. 'ಅ' ಖರಾಬು ಅಂದರೆ ಬಂಡೆ, ಕಣ, ಹೊಲದ ಮನೆ ಇಂಥವು, ಹಿಡುವಳಿದಾರರದ್ದೇ. 'ಬ' ಖರಾಬು ಅಂದರೆ ದಾರಿ, ಹಳ್ಳ, ಸ್ಮಶಾನದಂಥ ಸಾರ್ವಜನಿಕರ ಜಾಗ. ಅದು ಸರ್ಕಾರದ್ದು. ನಮ್ಮ ಸಂಬಂಧಿಕರೊಬ್ಬರು 2 ಎಕರೆ ಅಂತ ಮಾತಾಡಿ ಜಮೀನು ಕೊಂಡರು. ಪಹಣಿಯಲ್ಲಿ ಒಟ್ಟು 2.00 ಇತ್ತು, ನಿಜ. ಕೆಳಗೇ 'ಬ' ಖರಾಬು 0.12 ಅಂತಲೂ ಇತ್ತು. ಹೊಲದ ಅಂಚಿನ ಹಳ್ಳ ಅದು. ಆ 12 ಗುಂಟೆಗೂ ದುಡ್ಡು ಕೊಟ್ಟಾಗಿತ್ತು. ಒಟ್ಟು ವಿಸ್ತೀರ್ಣ ನೋಡಿ ನಿಲ್ಲಬೇಡಿ, ಖರಾಬು ಕಳೆದು ಉಳಿದದ್ದು ಎಷ್ಟು ಅಂತ ನೋಡಿ.

ಜಮೀನಿನ ಬಗೆಗೂ ಮೂರು ಪದ ತಿಳಿದಿರಲಿ. ಮಳೆ ನಂಬಿದ ಒಣ ಭೂಮಿ ಖುಷ್ಕಿ. ನೀರು ನಿಲ್ಲಿಸಿ ಬೆಳೆಯುವ ಗದ್ದೆ ತರಿ. ಅಡಿಕೆ, ತೆಂಗಿನಂಥ ತೋಟ ಬಾಗಾಯ್ತು.

ಇನ್ನು ಒಂಬತ್ತಕ್ಕೆ ಬನ್ನಿ. ಇಲ್ಲಿರುವುದು ಸ್ವಾಧೀನದಾರರ ಹೆಸರು, ಅವರ ವಿಸ್ತೀರ್ಣ, ಖಾತೆ ನಂಬರ್. ಹೆಸರನ್ನು ಅಕ್ಷರ ಅಕ್ಷರವಾಗಿ ಆಧಾರ್ ಜೊತೆ ಹೋಲಿಸಿ. ತೀರಿಹೋದ ಅಜ್ಜನ ಹೆಸರೇ ಇನ್ನೂ ಇದೆಯಾ? ಹಾಗಿದ್ದರೆ ಪೌತಿ ಖಾತೆ ಮಾಡಿಸಬೇಕು. ಪೌತಿ ಅಂದರೆ ಸಾವು. ತೀರಿಹೋದವರ ಹೆಸರಿನ ಜಾಗಕ್ಕೆ ವಾರಸುದಾರರ ಹೆಸರು ತರಿಸುವುದೇ ಪೌತಿ ಖಾತೆ. ಮರಣ ಪ್ರಮಾಣಪತ್ರ, ವಂಶವೃಕ್ಷ ಬೇಕಾಗುತ್ತದೆ. ದಯವಿಟ್ಟು ಇದನ್ನು ಮುಂದೂಡಬೇಡಿ. ಒಂದು ತಲೆಮಾರು ಕಳೆದರೆ ಸಹಿ ಹಾಕಬೇಕಾದವರು ಹತ್ತು ಊರಿಗೆ ಚದುರಿರುತ್ತಾರೆ.

ಹತ್ತನೇ ಕಾಲಂ ಆ ಹೆಸರು ಹೇಗೆ ಬಂತು ಅಂತ ಹೇಳುತ್ತದೆ. ಕ್ರಯವೋ, ವಿಭಾಗವೋ, ದಾನವೋ, ಪೌತಿಯೋ ಅಂತಿದ್ದು, ಪಕ್ಕದಲ್ಲಿ ಎಂ.ಆರ್. ನಂಬರ್ ಇರುತ್ತದೆ. ಎಂ.ಆರ್. ಅಂದರೆ ಮ್ಯುಟೇಶನ್ ರಿಜಿಸ್ಟರ್, ಹಕ್ಕು ಬದಲಾದದ್ದರ ದಾಖಲೆ. ಈ ನಂಬರ್ ಬರೆದಿಟ್ಟುಕೊಳ್ಳಿ. ಹಳೆಯ ಕಾಗದ ಹುಡುಕುವಾಗ ದಾರಿ ತೋರಿಸುವುದು ಇದೇ.

ಹನ್ನೊಂದನೆಯದು ಋಣಗಳ ಕಾಲಂ. ಬ್ಯಾಂಕ್ ಸಾಲ, ಕೋರ್ಟ್ ತಡೆಯಾಜ್ಞೆ, ಮಂಜೂರಾದ ಜಮೀನಾದರೆ 'ಪರಭಾರೆ ಮಾಡುವಂತಿಲ್ಲ' ಅನ್ನುವ ಷರತ್ತು, ಇಂಥವು ಇಲ್ಲಿ ಬರುತ್ತವೆ. ಪರಭಾರೆ ಅಂದರೆ ಬೇರೆಯವರಿಗೆ ವರ್ಗಾಯಿಸುವುದು. ಸಾಲ ತೀರಿಸಿ ವರ್ಷಗಳಾದರೂ ಇಲ್ಲಿ ಹಾಗೇ ಉಳಿದಿರುತ್ತದೆ. ಬ್ಯಾಂಕಿನಿಂದ ತೀರುವಳಿ ಪತ್ರ ಪಡೆದು ತೆಗೆಸಿಹಾಕಿ.

ಹನ್ನೆರಡರಲ್ಲಿ ಸಾಗುವಳಿ ಮಾಡುವವರು ಯಾರು, ಬೆಳೆ ಯಾವುದು ಅಂತ ಇರುತ್ತದೆ. ನೀವು ಬಿತ್ತಿದ್ದು ತೊಗರಿ, ದಾಖಲೆಯಲ್ಲಿ ಇರುವುದು ಜೋಳ ಅಂತಾದರೆ ವಿಮೆ, ಪರಿಹಾರದ ಹೊತ್ತಿಗೆ ಕಷ್ಟ. ಬೆಳೆ ಸಮೀಕ್ಷೆ ನಡೆಯುವಾಗಲೇ ನೋಡಿಕೊಳ್ಳಿ.

ಒಂದು ಮಾತು ನೆನಪಿರಲಿ. ಕರ್ನಾಟಕ ಭೂ ಕಂದಾಯ ಕಾಯ್ದೆ 1964ರ ಪ್ರಕಾರ, ತಪ್ಪು ಅಂತ ಸಾಬೀತಾಗುವವರೆಗೆ ಪಹಣಿಯಲ್ಲಿ ಇರುವುದನ್ನು ನಿಜ ಅಂತಲೇ ತಗೊಳ್ಳುತ್ತಾರೆ. ಹಾಗಂತ ಅದೊಂದೇ ಮಾಲೀಕತ್ವದ ಪತ್ರ ಅಲ್ಲ. ಕೊಳ್ಳುವಾಗ ಮೂಲಪತ್ರ, ಕ್ರಯಪತ್ರ, ಋಣಭಾರ ಪತ್ರವನ್ನೂ ಜೊತೆಗಿಟ್ಟು ನೋಡಬೇಕು. ಚಕ್ಕುಬಂದಿ, ಅಂದರೆ ನಾಲ್ಕೂ ದಿಕ್ಕಿಗೆ ಯಾರ ಜಮೀನಿದೆ ಅನ್ನುವುದು, ಪಹಣಿಯಲ್ಲಿ ಇರುವುದಿಲ್ಲ. ಅದನ್ನು ಕ್ರಯಪತ್ರದಲ್ಲಿ ಹುಡುಕಿ. ಗಡಿಯ ಬಗ್ಗೆ ಅನುಮಾನ ಇದ್ದರೆ ಹದ್ದುಬಸ್ತಿಗೆ, ಅಂದರೆ ಸರ್ವೆಯವರಿಂದ ಗಡಿ ಅಳೆಸಿ ಗುರುತು ಮಾಡಿಸುವುದಕ್ಕೆ, ಅರ್ಜಿ ಹಾಕಿ.

ಮನೆಯ ಟ್ರಂಕಿನಲ್ಲಿ ಕೈಬರಹದ ಹಳೇ ಪಹಣಿ ಇದ್ದರೆ ಎಸೆಯಬೇಡಿ. ಕೈಬರಹದಿಂದ ಕಂಪ್ಯೂಟರಿಗೆ ಹತ್ತಿಸುವಾಗ ಹೆಸರು, ಅಂಕಿ ತಪ್ಪಿದ್ದು ಉಂಟು. ಎರಡನ್ನೂ ಪಕ್ಕಪಕ್ಕ ಇಟ್ಟು ಸಾಲು ಸಾಲಾಗಿ ಹೋಲಿಸಿ. ವ್ಯತ್ಯಾಸ ಕಂಡರೆ ಎರಡರ ಪ್ರತಿಯನ್ನೂ ಲಗತ್ತಿಸಿ ತಾಲೂಕು ಕಚೇರಿಯಲ್ಲಿ ತಿದ್ದುಪಡಿಗೆ ಅರ್ಜಿ ಕೊಡಿ, ಸ್ವೀಕೃತಿ ಪಡೆದೇ ಹೊರಡಿ.