ಸತ್ತು ನೂರೈವತ್ತು ವರ್ಷವಾದ ವಕೀಲರ ಬಗ್ಗೆ ಬರೆಯೋದು ಹೇಗೆ

ಹಳೇ ಕಾಲದ ಅಮೆರಿಕನ್ ವಕೀಲ-ಶಾಸಕರೊಬ್ಬರ ಬದುಕನ್ನು ಕನ್ನಡದಲ್ಲಿ ಬರೆಯೋಕೆ ಕೂತರೆ ಮೊದಲು ಕಾಲು ಜಾರೋದು ಪದಗಳಲ್ಲಿ. ಗುಲಾಮಗಿರಿಯ ವಿರುದ್ಧ ಹೋರಾಡಿ ಹೆಸರಾದ ಥಡ್ಡಿಯಸ್ ಸ್ಟೀವನ್ಸ್ ಬಗ್ಗೆ ನನ್ನ ಮೊದಲ ಕರಡಿನಲ್ಲಿ ‘1816ರಲ್ಲಿ ಮೇರಿಲ್ಯಾಂಡಿನಲ್ಲಿ ಬಾರ್‌ಗೆ ಸೇರಿದರು’ ಅಂತಿತ್ತು. ಅಮ್ಮ ಓದಿ ಕೇಳಿದ್ದು: “ಏನಾಗಿ? ಸಪ್ಲೈಯರ್ ಆಗಿಯಾ?” ಮುಂದಿನ ಸಾಲಿನಲ್ಲೇ, ಪರೀಕ್ಷೆ ಮಾಡಿದ ನ್ಯಾಯಾಧೀಶರಿಗೆ ಮಡೀರಾ ವೈನ್ ಕೊಡಿಸಿದ ಕಥೆ ಬೇರೆ! ‘ವಕೀಲಿ ಸನ್ನದು ಪಡೆದರು’ ಅನ್ನಿ, ಮುಗೀತು. ವೈನ್ ಕಥೆ ಬಿಡಲು ಮನಸ್ಸಿಲ್ಲದಿದ್ದರೆ ‘ಅಂತ ಹೇಳುತ್ತಾರೆ’ ಸೇರಿಸಿ.

‘ವೇಸ್ ಅಂಡ್ ಮೀನ್ಸ್ ಸಮಿತಿ’ಯನ್ನು ‘ದಾರಿ ಮತ್ತು ಸಾಧನ’ ಮಾಡಬೇಡಿ. ಅದು ತೆರಿಗೆ-ವರಮಾನದ ಸಮಿತಿ. ಅಂತರ್ಯುದ್ಧದ ಖರ್ಚಿಗೆ ದುಡ್ಡು ಹೊಂದಿಸುವ ಹೊಣೆ ಅದರದ್ದು, ಅಧ್ಯಕ್ಷರು ಸ್ಟೀವನ್ಸ್. ಶಾಸಕರು ಅಂದಾಗ ಎಲ್ಲಿಯ ಶಾಸಕರು ಅಂತಲೂ ಹೇಳಿ. 1833ರಲ್ಲಿ ಗೆದ್ದದ್ದು ಪೆನ್ಸಿಲ್ವೇನಿಯಾದ ಶಾಸನಸಭೆಗೆ, 1849ರಿಂದ ಕೂತದ್ದು ವಾಷಿಂಗ್ಟನ್ನಿನಲ್ಲಿ, ದೇಶದ ಸಂಸತ್ತಿನ ಕೆಳಮನೆಯಲ್ಲಿ.

ಹುಟ್ಟು-ಓದು ಎರಡು ಸಾಲು ಸಾಕು: 1792, ವರ್ಮಾಂಟ್, ಹುಟ್ಟಿನಿಂದಲೇ ಸೊಟ್ಟ ಪಾದ, ಬಡತನ, ಡಾರ್ಟ್‌ಮೌತ್ ಕಾಲೇಜು.

ನಿಧಾನ ಮಾಡಬೇಕಾದ್ದು 1821ರ ಮೊಕದ್ದಮೆಯಲ್ಲಿ. ಚಾರಿಟಿ ಬಟ್ಲರ್ ಎಂಬ ಗುಲಾಮ ಮಹಿಳೆ ಬಿಡುಗಡೆ ಕೇಳಿದ್ದರು. ಬೇರೆ ರಾಜ್ಯದ ಗುಲಾಮರನ್ನು ಪೆನ್ಸಿಲ್ವೇನಿಯಾದಲ್ಲಿ ಆರು ತಿಂಗಳು ಇಟ್ಟುಕೊಂಡರೆ ಅವರು ಸ್ವತಂತ್ರರು ಎಂಬುದು ಕಾನೂನು. ಚಾರಿಟಿ ಬಂದು-ಹೋಗಿ ಇದ್ದ ದಿನಗಳನ್ನು ಕೂಡಿಸುವ ಹಾಗಿಲ್ಲ, ಒಂದೇ ಸಮನೆ ಆರು ತಿಂಗಳು ಆಗಬೇಕು ಎಂಬ ವಾದ ಗೆದ್ದಿತು. ಮಾಲೀಕನ ಪರ ನಿಂತಿದ್ದ ವಕೀಲರು ಸ್ಟೀವನ್ಸ್. ಚಾರಿಟಿಯವರೂ ಮಕ್ಕಳೂ ಗುಲಾಮರಾಗಿಯೇ ಉಳಿದರು.

ಇದನ್ನು ನಾನು ಮೊದಲು ಕೊನೆಯ ಪ್ಯಾರಾದಲ್ಲಿ, ‘ಆದರೂ’ ಎಂಬ ಪದದ ಹಿಂದೆ ಬಚ್ಚಿಟ್ಟಿದ್ದೆ. ಲೇಖನ ಶುರುವಾಗುತ್ತಿದ್ದದ್ದು ಸ್ಟೀವನ್ಸರ ಸಮಾಧಿಯಿಂದ. ಹಾಗೆ ಮಾಡಿದರೆ ಇಡೀ ಬದುಕು ಆ ಸಮಾಧಿಗೆ ಹಾಕಿದ ನೇರ ರಸ್ತೆಯ ಹಾಗೆ ಕಾಣುತ್ತದೆ. ಕಾಲಕ್ರಮಕ್ಕೇ ಬಿಡಿ. 1821 ಓದಿದವರಿಗೆ 1835ರಲ್ಲಿ ಉಚಿತ ಶಾಲೆಗಳ ಕಾನೂನನ್ನು ರದ್ದಾಗದಂತೆ ಉಳಿಸಿದ ಭಾಷಣ ಬೇರೆಯೇ ಥರ ಕೇಳಿಸುತ್ತದೆ. 1866ರಲ್ಲಿ, ಕಪ್ಪು ಜನರಿಗೂ ಪೌರತ್ವ ಕೊಡುವ ಸಂವಿಧಾನದ ಹದಿನಾಲ್ಕನೇ ತಿದ್ದುಪಡಿ ತನಗೆ ಬೇಕಾದಷ್ಟು ಗಟ್ಟಿಯಿಲ್ಲ ಎನಿಸಿಯೂ ಒಪ್ಪಿಕೊಂಡು, ನಾನು ಬದುಕಿರೋದು ಮನುಷ್ಯರ ನಡುವೆ, ದೇವತೆಗಳ ನಡುವೆ ಅಲ್ಲ ಅಂದರಲ್ಲ, ಆ ಮಾತು ಕೂಡ.

ಮನೆ ನೋಡಿಕೊಳ್ಳುತ್ತಿದ್ದ ಲಿಡಿಯಾ ಹ್ಯಾಮಿಲ್ಟನ್ ಸ್ಮಿತ್ ಮತ್ತು ಸ್ಟೀವನ್ಸರ ನಡುವೆ ಏನಿತ್ತು ಎಂದು ಆಗಿನವರು ಬಾಯಿಗೆ ಬಂದದ್ದು ಆಡಿದರು. ಪುರಾವೆಯಿಲ್ಲದೆ ನೀವು ದನಿಗೂಡಿಸಬೇಡಿ.

ಸಮಾಧಿ ಈಗ ಬರಲಿ. 1868ರ ಆಗಸ್ಟಿನಲ್ಲಿ ತೀರಿಕೊಂಡ ಸ್ಟೀವನ್ಸ್, ಕಪ್ಪು ಜನರನ್ನು ಹೊರಗಿಡದ ಲ್ಯಾಂಕಾಸ್ಟರ್‌ನ ಸಣ್ಣ ಸ್ಮಶಾನವನ್ನು ತಾವೇ ಆರಿಸಿಕೊಂಡಿದ್ದರು. ಬೇರೆ ಸ್ಮಶಾನಗಳು ಬಣ್ಣ ನೋಡುತ್ತವೆ, ಏಕಾಂತದ ಆಸೆಗಲ್ಲ ಇಲ್ಲಿ ಮಲಗಿದ್ದು ಎಂದು ಕಲ್ಲಿನ ಮೇಲೇ ಕೆತ್ತಿದೆ.

ಕಳಿಸುವ ಮುಂಚೆ ಸರ್ವನಾಮಗಳನ್ನು ಒಮ್ಮೆ ನೋಡಿ. ಇಂಗ್ಲಿಷಿಗೆ ಈ ಕಷ್ಟ ಇಲ್ಲ, ನಮಗಿದೆ. ನನ್ನ ಕರಡಿನಲ್ಲಿ ಸ್ಟೀವನ್ಸ್ ಉದ್ದಕ್ಕೂ ‘ಅವರು’. ಚಾರಿಟಿ ‘ಅವಳು’, ಲಿಡಿಯಾ ‘ಅವಳು’. ಹನ್ನೊಂದು ಕಡೆ ತಿದ್ದಿದೆ.