ಹೊಸಬರಿಗೆ ಮಾರ್ಗದರ್ಶಿ: ಅಮೆರಿಕದ ಬೇರೆ ರಾಜ್ಯದಲ್ಲಿ ಬಂದೂಕು ಕೊಳ್ಳುವ ಮುನ್ನ

ಬಾಡಿಗೆ ಮನೆ, ಮಕ್ಕಳ ಶಾಲೆ, ಡ್ರೈವಿಂಗ್ ಲೈಸೆನ್ಸ್ ಇವೆಲ್ಲ ಈ ಕೈಪಿಡಿಯ ಬೇರೆ ಭಾಗಗಳಲ್ಲಿವೆ. ಬಂದೂಕಿನ ವಿಷಯ ಕನ್ನಡ ಕೂಟಕ್ಕೆ ಯಾಕೆ ಎಂದು ಕೇಳುವವರಿದ್ದಾರೆ. ನಮ್ಮಲ್ಲಿ ಕೊಡಗಿನವರಿದ್ದಾರೆ, ಮಲೆನಾಡಿನ ತೋಟದ ಮನೆಗಳಲ್ಲಿ ಬೆಳೆ ರಕ್ಷಣೆಯ ಕೋವಿ ನೋಡಿ ಬೆಳೆದವರಿದ್ದಾರೆ, ಅಮೆರಿಕಕ್ಕೆ ಬಂದ ಮೇಲೆ ಬೇಟೆ, ಗುರಿ ಅಭ್ಯಾಸದ ರುಚಿ ಹತ್ತಿದವರೂ ಇದ್ದಾರೆ. ಕೊಳ್ಳಿ ಎಂದೂ ಬೇಡ ಎಂದೂ ಕೂಟ ಹೇಳುವುದಿಲ್ಲ. ಕೊಳ್ಳುವುದಾದರೆ ಕಾನೂನು ಓದಿಕೊಂಡು ಕೊಳ್ಳಿ. ಇಲ್ಲಿ ಎಡವಿದರೆ ದಂಡ ಕಟ್ಟಿ ಮುಗಿಸುವ ಹಾಗಿಲ್ಲ. ಬಂದೂಕಿನ ಅಪರಾಧದಲ್ಲಿ ಶಿಕ್ಷೆಯಾದರೆ ಗ್ರೀನ್ ಕಾರ್ಡ್ ಇದ್ದವರನ್ನೂ ದೇಶದಿಂದ ಹೊರಗೆ ಹಾಕಬಹುದು.

ಮೊದಲು ವೀಸಾ, ಆಮೇಲೆ ಅಂಗಡಿ

ಎಲ್ಲಕ್ಕಿಂತ ಹೆಚ್ಚು ಜನ ಜಾರುವುದು ಇಲ್ಲಿ. ಎಚ್-1ಬಿ, ಎಚ್-4, ಎಲ್-1, ಎಫ್-1, ಬಿ-2 ಇವೆಲ್ಲ ವಲಸೆಯೇತರ, ಅಂದರೆ ಕಾಯಂ ವಾಸಕ್ಕಲ್ಲದ, ವೀಸಾಗಳು. ಈ ವೀಸಾದ ಮೇಲೆ ದೇಶದೊಳಕ್ಕೆ ಬಂದವರು ಬಂದೂಕು ಕೊಳ್ಳುವುದಷ್ಟೇ ಅಲ್ಲ, ಇಟ್ಟುಕೊಳ್ಳುವುದನ್ನೂ ಫೆಡರಲ್ (ಇಡೀ ದೇಶದ) ಕಾನೂನು ನಿಷೇಧಿಸಿದೆ. ಗುಂಡು, ತೋಟಾಗಳಿಗೂ ಇದೇ ನಿಯಮ. 2022ರ ತಿದ್ದುಪಡಿಯ ನಂತರ ಇದಕ್ಕೆ ಹದಿನೈದು ವರ್ಷದವರೆಗೆ ಜೈಲು ಆಗಬಹುದು. ತೆರಿಗೆ ಕಟ್ಟುತ್ತೇನೆ, ಸ್ವಂತ ಮನೆಯಿದೆ, ಬಂದು ಹತ್ತು ವರ್ಷವಾಯಿತು ಎನ್ನುವ ಯಾವ ಮಾತೂ ಇಲ್ಲಿ ನಡೆಯುವುದಿಲ್ಲ.

ಶೂಟಿಂಗ್ ರೇಂಜಿನಲ್ಲಿ ಬಾಡಿಗೆಗೆ ಪಡೆದ ಪಿಸ್ತೂಲನ್ನು ಹತ್ತು ನಿಮಿಷ ಕೈಯಲ್ಲಿ ಹಿಡಿಯುವುದೂ ಇಟ್ಟುಕೊಂಡಂತೆಯೇ. ಆಫೀಸಿನ ತಂಡದ ಜೊತೆ ಲಾಸ್ ವೇಗಸ್ಸಿಗೆ ಹೋದಾಗ, ಊರಿಂದ ಬಂದ ಅಪ್ಪನಿಗೆ ಹೊಸದೇನಾದರೂ ತೋರಿಸೋಣ ಎಂದಾಗ, ಯಾರೂ ಇದನ್ನು ನೆನೆಸುವುದಿಲ್ಲ. ರೇಂಜಿನವರು ಕೇಳಲಿಲ್ಲ ಎಂಬುದು ಅನುಮತಿಯಲ್ಲ. ದಯವಿಟ್ಟು ಬಿ-2 ವೀಸಾದಲ್ಲಿ ಬಂದ ಹಿರಿಯರ ಕೈಗೆ ಬಂದೂಕು ಕೊಟ್ಟು ಫೋಟೋ ತೆಗೆದು ಫ್ಯಾಮಿಲಿ ಗ್ರೂಪಿಗೆ ಹಾಕಬೇಡಿ.

ಇದಕ್ಕೆ ಕೆಲವು ವಿನಾಯಿತಿಗಳಿವೆ. ನಮ್ಮವರಿಗೆ ಸಾಮಾನ್ಯವಾಗಿ ಅನ್ವಯಿಸುವುದು ಒಂದೇ: ಅಮೆರಿಕದ ಯಾವುದಾದರೂ ರಾಜ್ಯ ಕೊಟ್ಟ, ಅವಧಿ ಮುಗಿಯದ ಬೇಟೆ ಪರವಾನಗಿ. ಅದು ಪಕ್ಕದ ರಾಜ್ಯದ್ದಾದರೂ ಆಗುತ್ತದೆ. ಆದರೆ ಪರವಾನಗಿಯ ಅವಧಿ ಮುಗಿದ ದಿನವೇ ವಿನಾಯಿತಿಯೂ ಮುಗಿಯಿತು. ಮನೆಯ ಕಪಾಟಿನಲ್ಲಿರುವ ಬಂದೂಕು ಅಂದಿನಿಂದ ಅಪರಾಧ. ನವೀಕರಿಸುವ ದಿನಾಂಕವನ್ನು ಕ್ಯಾಲೆಂಡರಿನಲ್ಲಿ ಗುರುತು ಹಾಕಿಡಿ. ಪರವಾನಗಿಗೆ ಮೊದಲು ಬೇಟೆ ಶಿಕ್ಷಣದ ಕೋರ್ಸ್ ಬೇಕಾಗಬಹುದು; ಟೆಕ್ಸಾಸಿನಲ್ಲಿ 1971ರ ಸೆಪ್ಟೆಂಬರ್ 2 ಅಥವಾ ಅದರ ನಂತರ ಹುಟ್ಟಿದವರಿಗೆ ಅದು ಬೇಕೇ ಬೇಕು.

ಐ-485 (ಗ್ರೀನ್ ಕಾರ್ಡಿನ ಅರ್ಜಿ) ಹಾಕಿ ಕಾಯುತ್ತಿರುವವರಿಗೆ ನಮ್ಮ ಸಲಹೆ: ಕಾರ್ಡ್ ಕೈಗೆ ಬರಲಿ. ಇಷ್ಟು ವರ್ಷ ಸರದಿಯಲ್ಲಿ ನಿಂತದ್ದನ್ನು ಒಂದು ಬಂದೂಕಿಗಾಗಿ ಕಳೆದುಕೊಳ್ಳಬೇಡಿ. ಗ್ರೀನ್ ಕಾರ್ಡ್ ಬಂದವರು ಕೊಳ್ಳುವ ವಿಷಯದಲ್ಲಿ ಫೆಡರಲ್ ನಿಯಮದಂತೆ ನಾಗರಿಕರ ಹಾಗೆಯೇ. ಆದರೆ ಅದೇ ಮನೆಯಲ್ಲಿ ವೀಸಾದಲ್ಲಿರುವವರು ಇದ್ದರೆ ಬಂದೂಕು ಬೀಗ ಹಾಕಿದ ಸೇಫಿನಲ್ಲಿರಬೇಕು, ಬೀಗದ ಕೈಯಾಗಲಿ ಸಂಖ್ಯೆಯಾಗಲಿ ಅವರಿಗೆ ಗೊತ್ತಿರಬಾರದು. ಕೈಗೆಟುಕುವಂತಿದ್ದರೆ ಅವರದೇ ವಶದಲ್ಲಿತ್ತು ಎಂದು ಸರ್ಕಾರಿ ವಕೀಲರು ವಾದಿಸಬಹುದು.

ಕೊಡಗಿನವರಿಗೆ ಒಂದು ಮಾತು

ಕೊಡವರಿಗೂ ಜಮ್ಮಾ (ವಂಶಪಾರಂಪರ್ಯ ಜಮೀನಿನ) ಹಿಡುವಳಿದಾರರಿಗೂ ಲೈಸೆನ್ಸ್ ಇಲ್ಲದೆ ಕೋವಿ ಇಟ್ಟುಕೊಳ್ಳಲು ಭಾರತದ ಶಸ್ತ್ರಾಸ್ತ್ರ ಕಾಯ್ದೆಯಡಿ ಇರುವ ವಿನಾಯಿತಿ ನಮ್ಮೆಲ್ಲರಿಗೂ ಹೆಮ್ಮೆಯದು. 2019ರಲ್ಲಿ ಕೇಂದ್ರ ಸರ್ಕಾರ ಅದನ್ನು 2029ರವರೆಗೆ ಮುಂದುವರಿಸಿದೆ. ಆ ವಿನಾಯಿತಿ ಸಮುದ್ರ ದಾಟುವುದಿಲ್ಲ. ಐನ್‌ಮನೆಯ (ಕುಟುಂಬದ ಮೂಲ ಮನೆಯ) ಜೋಡುನಳಿಗೆ ಕೋವಿಯನ್ನು ಸಾಮಾನಿನ ಜೊತೆ ತರುವ ಯೋಚನೆ ಬಿಡಿ. ಆಮದಿಗೆ ಫೆಡರಲ್ ಅನುಮತಿ ಮೊದಲೇ ಸಿಕ್ಕಿರಬೇಕು. ಕೈಲ್‌ಪೊಳ್ದಿನ ಆಯುಧ ಪೂಜೆಗೆ ಪೀಚೆಕತ್ತಿ, ಒಡಿಕತ್ತಿ ಇಟ್ಟರೂ ಹಬ್ಬ ಹಬ್ಬವೇ. ತೆಂಗಿನಕಾಯಿಗೆ ಗುಂಡು ಹೊಡೆಯುವ ಸ್ಪರ್ಧೆ ಏರ್ಪಡಿಸುವವರು ಸೇರುವ ಪ್ರತಿಯೊಬ್ಬರ ವೀಸಾ ಯಾವುದೆಂದು ಮುಂಚೆಯೇ ಕೇಳಿಕೊಳ್ಳಿ. ಕೇಳುವುದು ಅವಮಾನವಲ್ಲ.

ನಿಮ್ಮ ರಾಜ್ಯ ಯಾವುದು?

ಊರಿನಲ್ಲಿ ಲೈಸೆನ್ಸ್ ಇದ್ದರೆ ಆಯಿತು, ಅದನ್ನು ಹಿಡಿದು ಅಂಗಡಿಗೆ ಹೋಗುತ್ತೇವೆ. ಇಲ್ಲಿ ಕೊಳ್ಳುವವರಿಗೆ ಫೆಡರಲ್ ಲೈಸೆನ್ಸ್ ಎಂಬುದಿಲ್ಲ. ಲೈಸೆನ್ಸ್ ಇರುವುದು ಮಾರುವವರಿಗೆ. ಅವರನ್ನು ಎಫ್‌ಎಫ್‌ಎಲ್ ಡೀಲರ್ ಎನ್ನುತ್ತಾರೆ. ನೀವು ಯಾವ ರಾಜ್ಯದ ನಿವಾಸಿ ಎಂಬುದರ ಮೇಲೆ ಅವರು ನಿಮಗೆ ಮಾರಬಹುದೋ ಇಲ್ಲವೋ ತೀರ್ಮಾನವಾಗುತ್ತದೆ. ಮನೆ ಮಾಡಿಕೊಂಡು ಇರಬೇಕೆಂಬ ಉದ್ದೇಶದಿಂದ ಒಂದು ರಾಜ್ಯದಲ್ಲಿ ಇದ್ದರೆ ಆ ರಾಜ್ಯದ ನಿವಾಸಿ. ಎರಡು ರಾಜ್ಯಗಳಲ್ಲಿ ನಿಜವಾಗಿಯೂ ಮನೆ ಮಾಡಿ, ವರ್ಷದ ಒಂದಷ್ಟು ಕಾಲ ಅಲ್ಲಿ ಒಂದಷ್ಟು ಕಾಲ ಇಲ್ಲಿ ಇರುವವರು, ಆಗ ಎಲ್ಲಿ ವಾಸವಿದ್ದಾರೋ ಅಲ್ಲಿನ ನಿವಾಸಿ. ಬೇರೆ ರಾಜ್ಯದ ಹಾಸ್ಟೆಲಿನಲ್ಲಿ ಓದುವ ಮಕ್ಕಳಿಗೂ ಹಾಗೆಯೇ. ನೆಂಟರ ಮನೆಗೆ ಎರಡು ವಾರ ಬಂದರೆ, ಪ್ರಾಜೆಕ್ಟಿಗಾಗಿ ಹೋಟೆಲಿನಲ್ಲಿದ್ದರೆ ನಿವಾಸಿಯಲ್ಲ. ಸ್ನೇಹಿತರ ವಿಳಾಸ ಕೊಟ್ಟು ಕೆಲಸ ಮುಗಿಸುವ ನಮ್ಮ ಹಳೆಯ ಅಭ್ಯಾಸ ಇಲ್ಲಿ ಸುಳ್ಳು ಹೇಳಿಕೆ ಎಂಬ ಅಪರಾಧ; ಹತ್ತು ವರ್ಷದವರೆಗೆ ಶಿಕ್ಷೆ.

ಪಿಸ್ತೂಲಿಗೆ ಒಂದು ನಿಯಮ, ರೈಫಲಿಗೆ ಇನ್ನೊಂದು

1968ರ ಗನ್ ಕಂಟ್ರೋಲ್ ಕಾಯ್ದೆ ಹಾಕಿದ ಗೆರೆ ಇದು. ಪಿಸ್ತೂಲು, ರಿವಾಲ್ವರುಗಳನ್ನು ಬೇರೆ ರಾಜ್ಯದ ಅಂಗಡಿಯಲ್ಲಿ ಕೊಂಡು ಅಲ್ಲಿಂದಲೇ ಕೈಯಲ್ಲಿ ತರುವಂತಿಲ್ಲ. ಹಣ ಅಲ್ಲಿ ಕಟ್ಟಬಹುದು. ಆ ಡೀಲರ್ ಅದನ್ನು ನಿಮ್ಮ ರಾಜ್ಯದ ಡೀಲರ್‌ಗೆ ಕಳಿಸುತ್ತಾರೆ, ಫಾರ್ಮ್ ತುಂಬುವುದು, ಹಿನ್ನೆಲೆ ತಪಾಸಣೆ, ಹಸ್ತಾಂತರ ಎಲ್ಲವೂ ನಿಮ್ಮ ಊರಿನಲ್ಲಿ. ಆದ್ದರಿಂದ ಹಣ ಕಟ್ಟುವ ಮೊದಲೇ ಸ್ಥಳೀಯ ಡೀಲರ್‌ಗೆ ಫೋನ್ ಮಾಡಿ. ಹೊರಗಿನಿಂದ ಬಂದದ್ದನ್ನು ತೆಗೆದುಕೊಳ್ಳುತ್ತಾರೋ, ಟ್ರಾನ್ಸ್‌ಫರ್ ಶುಲ್ಕ ಎಷ್ಟು, ಆ ಮಾದರಿ ನಿಮ್ಮ ರಾಜ್ಯದಲ್ಲಿ ಕಾನೂನುಬದ್ಧವೋ, ಮೂರನ್ನೂ ಕೇಳಿ. ಕೇಳದೆ ತರಿಸಿದರೆ ವಾಪಸು ಕಳಿಸುವ ಖರ್ಚು ನಿಮ್ಮ ತಲೆಗೆ. ಆನ್‌ಲೈನಿನಲ್ಲಿ ಕೊಂಡರೂ ಇದೇ ದಾರಿ. ಮನೆ ಬಾಗಿಲಿಗೆ ಬರುವುದಿಲ್ಲ.

ರೈಫಲ್, ಶಾಟ್‌ಗನ್‌ಗಳನ್ನು ಬೇರೆ ರಾಜ್ಯದ ಡೀಲರ್ ಬಳಿ ಎದುರಾಎದುರು ಕೊಂಡು ತರಬಹುದು. ಆದರೆ ಆ ವ್ಯಾಪಾರ ಎರಡೂ ರಾಜ್ಯಗಳ ಕಾನೂನಿಗೆ ಒಪ್ಪಬೇಕು: ಅಂಗಡಿ ಇರುವ ರಾಜ್ಯ, ನಿಮ್ಮ ಮನೆ ಇರುವ ರಾಜ್ಯ. ನಿಮ್ಮ ರಾಜ್ಯದ ನಿಯಮ ಗೊತ್ತಿಲ್ಲದ ಡೀಲರ್ ಮಾರುವುದಿಲ್ಲ ಎಂದರೆ ಜಗಳವಾಡಬೇಡಿ. ತಪ್ಪಾದರೆ ಅವರ ಲೈಸೆನ್ಸ್ ಹೋಗುತ್ತದೆ.

ನಳಿಗೆ, ಹಿಡಿ ಇಲ್ಲದ ಬರೀ ರಿಸೀವರ್ ಅಥವಾ ಫ್ರೇಮ್ (ಬಂದೂಕಿನ ಮುಖ್ಯ ಒಡಲು) ಕಾನೂನಿನ ಕಣ್ಣಿಗೆ ರೈಫಲ್ ಅಲ್ಲ. ಅದನ್ನು ಸ್ವಂತ ರಾಜ್ಯದಲ್ಲಿ ಮಾತ್ರ ಕೈಗೆ ಪಡೆಯಬಹುದು, ವಯಸ್ಸು 21 ಆಗಿರಬೇಕು. ಭುಜಕ್ಕೆ ಆನಿಸುವ ಹಿಂಬದಿ ಇಲ್ಲದೆ, ಬರೀ ಹಿಡಿಯಷ್ಟೇ ಇಟ್ಟು ಕಾರ್ಖಾನೆಯಿಂದ ಬಂದದ್ದು ನೋಡಲು ಶಾಟ್‌ಗನ್‌ನಂತಿದ್ದರೂ ಅದಕ್ಕೂ ಇದೇ ನಿಯಮ. ಡೀಲರ್ ಬಳಿ ರೈಫಲ್, ಶಾಟ್‌ಗನ್‌ಗೆ ಫೆಡರಲ್ ವಯೋಮಿತಿ 18. ಹಲವು ರಾಜ್ಯಗಳು ಅದನ್ನೂ 21ಕ್ಕೆ ಏರಿಸಿವೆ.

ಫಾರ್ಮ್ 4473

ಡೀಲರ್ ಬಳಿ ಕೊಳ್ಳುವವರು ತುಂಬಬೇಕಾದ ಫೆಡರಲ್ ಫಾರ್ಮ್ ಇದು. ಓದಿದವರೇ ಇಲ್ಲಿ ಹೆಚ್ಚು ತಪ್ಪು ಮಾಡುತ್ತಾರೆ, ಆತುರದಿಂದ. ಪೂರ್ಣ ಕಾನೂನುಬದ್ಧ ಹೆಸರು ಬರೆಯಬೇಕು. ನಮ್ಮ ಹೆಸರುಗಳ ಇನಿಶಿಯಲ್ ತೊಂದರೆ ಗೊತ್ತೇ ಇದೆ. ದಾಖಲೆಯಲ್ಲಿ ಮಧ್ಯದ ಹೆಸರು ಬರೀ ಒಂದು ಅಕ್ಷರವಾಗಿದ್ದರೆ ಆ ಅಕ್ಷರದ ಪಕ್ಕ ಐ.ಓ. ಎಂದು, ಮಧ್ಯದ ಹೆಸರೇ ಇಲ್ಲದಿದ್ದರೆ ಎನ್.ಎಂ.ಎನ್. ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಬರೆಯಬೇಕು; ಖಾಲಿ ಬಿಡಬಾರದು. ಗ್ರೀನ್ ಕಾರ್ಡಿನಲ್ಲಿ ಒಂದು ಹೆಸರು, ಡ್ರೈವಿಂಗ್ ಲೈಸೆನ್ಸಿನಲ್ಲಿ ಇನ್ನೊಂದು ಇದ್ದರೆ ಮೊದಲು ಅದನ್ನು ಸರಿಪಡಿಸಿಕೊಂಡು ಅಂಗಡಿಗೆ ಹೋಗಿ.

ವಿಳಾಸದ ಸಾಲಿನಲ್ಲಿ ಕೌಂಟಿ ಕೇಳುತ್ತಾರೆ. ಕಣ್ತಪ್ಪಿ ಅದನ್ನು ಕಂಟ್ರಿ ಎಂದು ಓದಿ ಇಂಡಿಯಾ ಎಂದು ತುಂಬುವುದು ನಮ್ಮವರು ಮಾಡುವ ತಪ್ಪು. ಪೌರತ್ವದ ದೇಶ ಕೇಳುವ ಜಾಗ ಬೇರೆಯೇ ಇದೆ. ಅಂಚೆ ಪೆಟ್ಟಿಗೆಯ ವಿಳಾಸ ನಡೆಯುವುದಿಲ್ಲ. ನಾಗರಿಕರಲ್ಲದವರು ಏಲಿಯನ್ ಸಂಖ್ಯೆ ಬರೆಯಬೇಕು. ಗ್ರೀನ್ ಕಾರ್ಡ್ ಮೇಲೆ ಅದು ಯುಎಸ್‌ಸಿಐಎಸ್ ಸಂಖ್ಯೆ ಎಂದಿರುತ್ತದೆ. ಬೇಟೆ ಪರವಾನಗಿಯ ಮೇಲೆ ಕೊಳ್ಳುವವರು ವಲಸೆಯೇತರ ವೀಸಾದ ಪ್ರಶ್ನೆಗೆ ಹೌದು ಎಂದೇ ಉತ್ತರಿಸಿ, ಮುಂದಿನ ವಿನಾಯಿತಿಯ ಪ್ರಶ್ನೆಗೂ ಹೌದು ಎನ್ನಬೇಕು. ಡೀಲರ್ ಪರವಾನಗಿಯ ಪ್ರತಿಯನ್ನು ಫಾರ್ಮಿಗೆ ಲಗತ್ತಿಸಿಕೊಳ್ಳುತ್ತಾರೆ.

ಸೋಷಿಯಲ್ ಸೆಕ್ಯುರಿಟಿ ಸಂಖ್ಯೆ ಐಚ್ಛಿಕ. ಕೊಟ್ಟರೆ ನಿಮ್ಮದೇ ಹೆಸರಿನ ಇನ್ನೊಬ್ಬರ ಜೊತೆ ಕಲಸಿಹೋಗುವುದು ತಪ್ಪುತ್ತದೆ.

ತೆಗೆದುಕೊಂಡು ಹೋಗಬೇಕಾದ್ದು:
• ಈಗಿನ ವಿಳಾಸವಿರುವ ಸರ್ಕಾರಿ ಫೋಟೋ ಗುರುತುಚೀಟಿ (ಪಾಸ್‌ಪೋರ್ಟ್ ಒಂದೇ ಸಾಲದು)
• ಚೀಟಿಯಲ್ಲಿ ಹಳೆಯ ವಿಳಾಸವಿದ್ದರೆ ಹೊಸ ವಿಳಾಸದ ಇನ್ನೊಂದು ಸರ್ಕಾರಿ ದಾಖಲೆ, ಉದಾಹರಣೆಗೆ ವಾಹನ ನೋಂದಣಿ
• ಗ್ರೀನ್ ಕಾರ್ಡ್
• ನಿಮ್ಮ ರಾಜ್ಯ ಕೇಳುವ ಕಾರ್ಡ್ ಅಥವಾ ಪರ್ಮಿಟ್

ಫಾರ್ಮ್ ತುಂಬಿದ ಮೇಲೆ ಡೀಲರ್ ಮಾಡಿಸುವ ಹಿನ್ನೆಲೆ ತಪಾಸಣೆಯ ಉತ್ತರ ಮೂರು ಬಗೆ: ಮುಂದುವರಿಯಿರಿ, ತಡ, ನಿರಾಕರಣೆ. ತಡ ಎಂದರೆ ಗಾಬರಿ ಬೇಡ. ಕಡತ ನೋಡಬೇಕಾಗಿದೆ ಎಂದಷ್ಟೇ ಅರ್ಥ. ಮೂರು ಕೆಲಸದ ದಿನ ಕಳೆದೂ ಉತ್ತರ ಬಾರದಿದ್ದರೆ ಫೆಡರಲ್ ನಿಯಮದಂತೆ ಡೀಲರ್ ಕೊಡಬಹುದು, ಕೊಡಲೇಬೇಕೆಂದಿಲ್ಲ. 21 ತುಂಬದವರಿಗೆ ಇದು ಹತ್ತು ಕೆಲಸದ ದಿನಗಳವರೆಗೂ ಹೋಗಬಹುದು. ಪ್ರತಿ ಸಲವೂ ತಡವಾಗುವವರು ಎಫ್‌ಬಿಐಗೆ ಅರ್ಜಿ ಹಾಕಿ ಯುಪಿಐಎನ್ ಎಂಬ ಸಂಖ್ಯೆ ಪಡೆದು ಮುಂದಿನ ಫಾರ್ಮುಗಳಲ್ಲಿ ಬರೆಯಬಹುದು.

ಸ್ನೇಹಿತರಿಗೆ, ನೆಂಟರಿಗೆ

ಗ್ರೀನ್ ಕಾರ್ಡ್ ಇರುವ ಅಣ್ಣ ಎಚ್-1ಬಿ ತಮ್ಮನಿಗಾಗಿ ಕೊಂಡು ಕೊಡುವುದು, ನ್ಯೂಜೆರ್ಸಿಯ ಗೆಳೆಯ ಹಣ ಕಳಿಸಿ ಪೆನ್ಸಿಲ್ವೇನಿಯದವರಿಂದ ಕೊಳ್ಳಿಸುವುದು ಎರಡೂ ಸ್ಟ್ರಾ ಪರ್ಚೇಸ್, ಅಂದರೆ ಬೇರೆಯವರಿಗಾಗಿ ತನ್ನ ಹೆಸರಿನಲ್ಲಿ ಕೊಳ್ಳುವುದು. 2022ರಿಂದ ಇದೇ ಒಂದು ಪ್ರತ್ಯೇಕ ಫೆಡರಲ್ ಅಪರಾಧ, ಹದಿನೈದು ವರ್ಷದವರೆಗೆ ಶಿಕ್ಷೆ. ಫಾರ್ಮಿನ ಮೊದಲ ಪ್ರಶ್ನೆಗಳಲ್ಲೇ ನಿಜವಾಗಿ ಕೊಳ್ಳುತ್ತಿರುವವರು ನೀವೇನಾ ಎಂದು ಕೇಳಿರುತ್ತಾರೆ. ನಮ್ಮವರು ನಮ್ಮವರಿಗೆ ಸಹಾಯ ಮಾಡದಿದ್ದರೆ ಹೇಗೆ ಎಂಬ ಮಾತನ್ನು ಬೇರೆ ಎಲ್ಲದಕ್ಕೂ ಒಪ್ಪುತ್ತೇವೆ, ಇದಕ್ಕಲ್ಲ.

ಟೆಕ್ಸಾಸಿನ ಮಾವ ಇಲಿನಾಯ್‌ನ ಅಳಿಯನಿಗೆ ಪ್ರೀತಿಯಿಂದ ಕೊಡುವ ಉಡುಗೊರೆಯೂ ಡೀಲರ್ ಮೂಲಕವೇ ಹೋಗಬೇಕು, ಪಿಸ್ತೂಲಾದರೆ ಅಳಿಯನ ರಾಜ್ಯದ ಡೀಲರ್ ಮೂಲಕ. ಉಯಿಲಿನಿಂದ ಅಥವಾ ವಾರಸುದಾರಿಕೆಯಿಂದ ಬಂದದ್ದಕ್ಕೆ, ಬೇಟೆಯಂಥ ಕಾನೂನುಬದ್ಧ ಕ್ರೀಡೆಗೆ ತಾತ್ಕಾಲಿಕವಾಗಿ ಎರವಲು ಕೊಟ್ಟದ್ದಕ್ಕೆ ಮಾತ್ರ ಫೆಡರಲ್ ವಿನಾಯಿತಿ ಇದೆ. ಪಡೆಯುವವರು ಅರ್ಹರಾಗಿರಲೇಬೇಕು.

ಕೆಲವು ರಾಜ್ಯಗಳು

• ಕ್ಯಾಲಿಫೋರ್ನಿಯ: ಸುರಕ್ಷತಾ ಪ್ರಮಾಣಪತ್ರ, ಹತ್ತು ದಿನ ಕಾಯುವಿಕೆ. ನಿವಾಸಿಗಳು ಹೊರಗೆ ಕೊಂಡ ರೈಫಲನ್ನೂ ಇಲ್ಲಿನ ಡೀಲರ್ ಮೂಲಕವೇ ತರಿಸಬೇಕು. ಹೊಸದಾಗಿ ಬಂದವರು ತಂದ ಬಂದೂಕನ್ನು 60 ದಿನದಲ್ಲಿ ವರದಿ ಮಾಡಬೇಕು.
• ಇಲಿನಾಯ್: ನಿವಾಸಿಗಳಿಗೆ ಫಾಯ್ಡ್ ಕಾರ್ಡ್ (ಬಂದೂಕು ಇಟ್ಟುಕೊಳ್ಳುವವರಿಗೆ ರಾಜ್ಯ ಕೊಡುವ ಗುರುತುಚೀಟಿ), ಬಂದೂಕಿಗೂ ಗುಂಡಿಗೂ. 72 ಗಂಟೆ ಕಾಯುವಿಕೆ.
• ನ್ಯೂಜೆರ್ಸಿ: ಖರೀದಿದಾರರ ಗುರುತುಚೀಟಿ, ಪ್ರತಿ ಪಿಸ್ತೂಲಿಗೂ ಬೇರೆ ಪರ್ಮಿಟ್.
• ಟೆಕ್ಸಾಸ್, ಅರಿಜೋನ: ರಾಜ್ಯದ ಪರ್ಮಿಟ್ ಇಲ್ಲ. ಫೆಡರಲ್ ನಿಯಮಗಳು ಪೂರ್ತಿ ಅನ್ವಯ.

ಸಾಗಿಸುವಾಗ

ಹೊರಟ ಊರು, ತಲುಪುವ ಊರು ಎರಡರಲ್ಲೂ ಇಟ್ಟುಕೊಳ್ಳುವ ಹಕ್ಕು ನಿಮಗಿದ್ದರೆ ನಡುವಿನ ರಾಜ್ಯಗಳನ್ನು ದಾಟಲು 1986ರ ಫೆಡರಲ್ ಕಾನೂನು ರಕ್ಷಣೆ ಕೊಡುತ್ತದೆ. ಗುಂಡು ತೆಗೆದಿರಬೇಕು, ಬಂದೂಕೂ ಗುಂಡೂ ಕೂತಲ್ಲಿಂದ ಕೈಗೆ ಸಿಗಬಾರದು. ಡಿಕ್ಕಿ ಬೇರೆ ಇಲ್ಲದ ಎಸ್‌ಯುವಿ, ಮಿನಿವ್ಯಾನಿನಲ್ಲಿ ಬೀಗ ಹಾಕಿದ ಪೆಟ್ಟಿಗೆ ಬೇಕು. ಗ್ಲವ್ ಬಾಕ್ಸ್, ನಡುವಿನ ಕನ್ಸೋಲ್ ಲೆಕ್ಕಕ್ಕಿಲ್ಲ. ದಾರಿಯಲ್ಲಿ ನೆಂಟರ ಮನೆಯಲ್ಲಿ ಎರಡು ದಿನ ಉಳಿದರೆ ಅದು ದಾಟುವುದು ಎನಿಸುವುದಿಲ್ಲ.

ವಿಮಾನದಲ್ಲಾದರೆ ಗುಂಡು ತೆಗೆದು, ಬೀಗ ಹಾಕಿದ ಗಟ್ಟಿ ಪೆಟ್ಟಿಗೆಯಲ್ಲಿಟ್ಟು, ಕೌಂಟರಿನಲ್ಲಿ ಘೋಷಿಸಿ ಚೆಕ್-ಇನ್ ಮಾಡಬೇಕು. ಕೈಚೀಲದಲ್ಲಿ ಒಂದು ತೋಟಾ ಉಳಿದಿದ್ದರೂ ತೊಂದರೆ. ರೇಂಜಿಗೆ ಒಯ್ದ ಚೀಲವನ್ನು ಪ್ರಯಾಣಕ್ಕೆ ಬಳಸಲೇಬೇಡಿ. ನೂಆರ್ಕ್ ಅಥವಾ ನ್ಯೂಯಾರ್ಕಿನಲ್ಲಿ ವಿಮಾನ ಬದಲಿಸುವ ಟಿಕೆಟ್ ಬೇಡ. ಸಂಪರ್ಕ ವಿಮಾನ ತಪ್ಪಿ, ಪೆಟ್ಟಿಗೆಯನ್ನು ಕೈಗೆ ಪಡೆದು ಹೋಟೆಲಿನಲ್ಲಿ ರಾತ್ರಿ ಕಳೆದ ಪ್ರಯಾಣಿಕರೊಬ್ಬರು ನೂಆರ್ಕ್ ವಿಮಾನ ನಿಲ್ದಾಣದಲ್ಲಿ ಮರುದಿನ ಬಂಧನಕ್ಕೊಳಗಾದರು. ಫೆಡರಲ್ ಕಾನೂನಿನ ರಕ್ಷಣೆ ಅವರಿಗೆ ಇಲ್ಲವೆಂದು 2010ರಲ್ಲಿ ಮೇಲ್ಮನವಿ ನ್ಯಾಯಾಲಯ ಹೇಳಿತು. ಅಂಥ ಸ್ಥಿತಿ ಬಂದರೆ ಪೆಟ್ಟಿಗೆಯನ್ನು ಮುಟ್ಟದೆ, ಮರುದಿನದ ವಿಮಾನದವರೆಗೆ ತಮ್ಮ ಬಳಿಯೇ ಇರಿಸಿಕೊಳ್ಳುವಂತೆ ಏರ್‌ಲೈನಿನವರನ್ನು ಕೇಳಿಕೊಳ್ಳಿ.