ಕ್ವಾಲಿಸ್‌ನ ಕ್ಲಚ್ ಮಾಸ್ಟರ್ ಸಿಲಿಂಡರ್ ಮನೇಲೇ ಬದಲಾಯಿಸಿದ್ದು: ನನ್ನ ಅನುಭವ

ನಮ್ದು 2003ರ ಟೊಯೋಟಾ ಕ್ವಾಲಿಸ್, ಡೀಸೆಲ್, ಬಿಡದೀಲಿ ತಯಾರಾಗಿದ್ದು. 2005ರಲ್ಲೇ ಇದನ್ನ ನಿಲ್ಸಿ ಇನೋವಾ ತಂದ್ರು, ಆದ್ರೆ ನಮ್ಮ ತಿಪಟೂರು ಕಡೆ ಕೊಬ್ಬರಿ ಚೀಲ ಹೇರ್ಕೊಂಡು ಓಡಾಡೋರು ಇನ್ನೂ ಇದನ್ನ ಬಿಟ್ಟಿಲ್ಲ. ಇಂಜಿನ್ ಬಗ್ಗೆ ನಂದೂ ಏನೂ ತಕರಾರಿಲ್ಲ. ಇಪ್ಪತ್ತು ವರ್ಷ ದಾಟಿದ ಮೇಲೆ ಯಾವ ಗಾಡೀದಾದ್ರೂ ರಬ್ಬರ್ ರಬ್ಬರೇ, ಸವೆಯುತ್ತೆ, ಗಟ್ಟಿಯಾಗುತ್ತೆ, ನಂದೂ ಹಾಗೇ ಆಯ್ತು ಅಷ್ಟೇ.

ಮೊದಲು ಗೊತ್ತಾಗಿದ್ದು ರಿವರ್ಸ್ ಗೇರಲ್ಲಿ. ಬೆಳಿಗ್ಗೆ ಶೆಡ್ಡಿಂದ ಹಿಂದಕ್ಕೆ ತೆಗೀಬೇಕಾದ್ರೆ ಗರ್ ಅನ್ನೋದು. ರಿವರ್ಸ್‌ಗೆ ಸಿಂಕ್ರೊ, ಅಂದ್ರೆ ಗೇರುಗಳ ವೇಗ ಹೊಂದಿಸೋ ಭಾಗ, ಇರಲ್ಲ, ಹಂಗಾಗಿ ಕ್ಲಚ್ ಪೂರ್ತಿ ಬಿಡದೇ ಇದ್ರೆ ಮೊದಲು ಕೂಗೋದು ಅದೇ. ಆಮೇಲೆ ರೈಲ್ವೆ ಗೇಟಲ್ಲಿ ಫಸ್ಟ್ ಗೇರ್ ಹಾಕಿ ಕ್ಲಚ್ ತುಳ್ಕೊಂಡು ನಿಂತಿದ್ರೆ ಸ್ವಲ್ಪ ಹೊತ್ತಾದ ಮೇಲೆ ಗಾಡಿ ತಾನೇ ಮುಂದಕ್ಕೆ ಎಳೆಯೋಕೆ ಶುರು ಮಾಡ್ತು, ಕಾಲು ಪೆಡಲ್ ಮೇಲೇ ಇದೆ, ಆದ್ರೂ ಎಳೀತಿದೆ. ಪೆಡಲನ್ನ ಎರಡು ಮೂರು ಸಲ ಜೋರಾಗಿ ಪಂಪ್ ಮಾಡಿದ್ರೆ ಮತ್ತೆ ಸರಿ. ಈ ಪಂಪ್ ಮಾಡಿದ್ರೆ ಸರಿ ಹೋಗೋ ಲಕ್ಷಣ ಇದ್ಯಲ್ಲ, ಅದು ಕ್ಲಚ್ ಪ್ಲೇಟಿಂದಲ್ಲ, ಪೆಡಲ್ ಒತ್ತಡಾನ ಕ್ಲಚ್ಚಿಗೆ ಮುಟ್ಟಿಸೋ ಆಯಿಲ್ ಕಡೇದು. ಪ್ಲೇಟ್ ಸವೆದಿದ್ರೆ ಉಲ್ಟಾ ಆಗುತ್ತೆ, ಗೇರ್ ಸಲೀಸಾಗಿ ಬೀಳುತ್ತೆ, ಆದ್ರೆ ದಿಬ್ಬ ಹತ್ತೋವಾಗ ಇಂಜಿನ್ ಬೊಬ್ಬೆ ಹೊಡೆಯುತ್ತೆ, ಗಾಡಿ ಓಡಲ್ಲ. ಇದು ಗೊತ್ತಿಲ್ದೇ ಗೇರ್‌ಬಾಕ್ಸ್ ಇಳಿಸಿ ಪ್ಲೇಟ್ ಸೆಟ್ ಪೂರ್ತಿ ಹೊಸದು ಹಾಕ್ಸಿ, ಗಾಡಿ ಹಂಗೇ ಇದೆ ಅಂತ ತಲೆ ಮೇಲೆ ಕೈ ಹೊತ್ಕೊಂಡು ಕೂತೋರನ್ನ ನೋಡಿದೀನಿ.

ಸರಿ, ಆಯಿಲ್ ಕಡೆ ಅಂತಾದ್ರೂ ಎರಡು ಸಿಲಿಂಡರ್ ಇದೆ. ಮೇಲೆ ಬಾನೆಟ್ ಒಳಗೆ ಪೆಡಲ್ ಹಿಂದೆ ಇರೋದು ಮಾಸ್ಟರ್, ಪೆಡಲ್ ತುಳಿದ್ರೆ ಆಯಿಲನ್ನ ಪೈಪಲ್ಲಿ ತಳ್ಳೋದು ಅದು; ಕೆಳಗೆ ಗೇರ್‌ಬಾಕ್ಸ್ ಪಕ್ಕದಲ್ಲಿ ಇರೋದು ಸ್ಲೇವ್, ಆ ಒತ್ತಡಕ್ಕೆ ಕ್ಲಚ್ ಬಿಡಿಸೋದು ಇದು. ಯಾವುದು ಹೋಗಿದೆ ಅಂತ ನೋಡೋದು ಕಷ್ಟ ಏನಲ್ಲ. ಕೆಳಗಡೆ ಸ್ಲೇವ್ ಬಾಯಿಗೆ ಇರೋ ರಬ್ಬರ್ ಬೂಟನ್ನ ಸ್ವಲ್ಪ ಬಿಡಿಸಿ ನೋಡಿ, ಒಳಗೆ ಆಯಿಲ್ ಇದ್ರೆ ಸ್ಲೇವ್ ಕಪ್, ಅಂದ್ರೆ ಆಯಿಲ್ ತಡೆಯೋ ರಬ್ಬರ್ ಸೀಲ್, ಹೋಗಿದೆ. ನಂದು ಒಣಗಿತ್ತು. ಆಮೇಲೆ ಡ್ರೈವರ್ ಕಡೆ ಡ್ಯಾಶ್‌ಬೋರ್ಡ್ ಕೆಳಗೆ ತಲೆ ಹಾಕಿ, ಟಾರ್ಚ್ ಬಿಟ್ಟು, ಪೆಡಲ್ ರಾಡ್ ಬಾಡಿ ಒಳಗೆ ಹೋಗೋ ಜಾಗ ನೋಡಿದೆ. ಅಲ್ಲೊಂದು ಚೂರು ಜಿಡ್ಡು, ಕೆಳಗೆ ಮ್ಯಾಟ್ ಹತ್ರ ಪೇಂಟ್ ಬುರುಬುರು ಅಂತ ಎದ್ದಿತ್ತು. ಕ್ಲಚ್ಚಿಗೂ ಹಾಕೋದು ಬ್ರೇಕ್ ಆಯಿಲೇ, ಅದು ಬಿದ್ದ ಕಡೆ ಪೇಂಟ್ ಉಳಿಯಲ್ಲ, ಅದಕ್ಕಿಂತ ಸಾಕ್ಷಿ ಬೇಕಾಗಿಲ್ಲ. ಆದ್ರೆ ಹೊರಗೆ ಸೋರದೇನೂ ಮಾಸ್ಟರ್ ಹೋಗಬಹುದು ಅನ್ನೋದು ನೆನಪಿರ್ಲಿ. ಒಳಗಿನ ಮುಂದಿನ ಕಪ್ ಸವೆದ್ರೆ ಆಯಿಲ್ ಅದನ್ನ ದಾಟಿ ಹಿಂದಕ್ಕೆ ವಾಪಸ್ ಹೋಗ್ತಿರುತ್ತೆ, ಮಾಸ್ಟರಿಗೆ ಸೇರಿರೋ ಆಯಿಲ್ ಡಬ್ಬೀಲಿ ಲೆವೆಲ್ ಒಂದು ಗೆರೆ ಕೂಡ ಇಳಿಯಲ್ಲ, ಪೆಡಲ್ ಮಾತ್ರ ಮೆಲ್ಲಗೆ ನೆಲ ಮುಟ್ಟುತ್ತೆ. ಡಬ್ಬಿ ತುಂಬಿದೆಯಲ್ಲ, ಹಂಗಾದ್ರೆ ಸಿಲಿಂಡರ್ ಚೆನ್ನಾಗಿದೆ ಅನ್ನೋ ಲೆಕ್ಕ ಇದಕ್ಕೇ ತಪ್ಪೋದು.

ಇನ್ನೊಂದು, ದಾರೀಲೇ ಕೈ ಕೊಟ್ರೆ ಏನ್ ಮಾಡೋದು ಅಂತ. ಇಂಜಿನ್ ಆಫ್ ಮಾಡಿ, ಫಸ್ಟ್ ಗೇರ್ ಹಾಕಿ, ಮುಂದೆ ಯಾರೂ ಇಲ್ಲ ಅಂತ ನೋಡ್ಕೊಂಡು ಹಂಗೇ ಸ್ಟಾರ್ಟರ್ ಹೊಡೆದ್ರೆ ಹಳೇ ಡೀಸೆಲ್ ಗಾಡಿಗಳು ಜರ್ಕ್ ಹೊಡ್ಕೊಂಡು ಹೊರಡ್ತವೆ. ಆಮೇಲೆ ಆಕ್ಸಿಲರೇಟರ್ ಬಿಟ್ಟು ಇಂಜಿನ್ ಸ್ಪೀಡ್ ಹೊಂದೋ ಹೊತ್ತಿಗೆ ಸೆಕೆಂಡಿಗೆ ಜಾರಿಸಬೇಕು. ಮನೆ ಮುಟ್ಟೋಕೆ ಸಾಕು. ಶಿರಾಡಿ ಘಾಟ್ ಥರದ ಕಡೆ ಮಾತ್ರ ಈ ಸರ್ಕಸ್ ಬೇಡ, ಸಕಲೇಶಪುರದಲ್ಲೇ ನಿಲ್ಸಿ ಯಾರನ್ನಾದ್ರೂ ಕರೀರಿ.

ನಮ್ಮೂರ ಗ್ಯಾರೇಜ್ ಯಜಮಾನ್ರನ್ನ ಕೇಳಿದ್ರೆ "ಕಿಟ್ ಹಾಕೋಣ ಬಿಡಿ ಸಾರ್" ಅಂದ್ರು. ಕಿಟ್ ಅಂದ್ರೆ ಒಳಗಿನ ರಬ್ಬರ್ ಕಪ್, ಸ್ಪ್ರಿಂಗ್, ಬೂಟ್ ಇಷ್ಟೇ, ಪೂರ್ತಿ ಸಿಲಿಂಡರಿಗೆ ಹೋಲಿಸಿದ್ರೆ ತುಂಬಾ ಅಗ್ಗ. ನಾನು ಒಪ್ಪಲಿಲ್ಲ. ಕಾರಣ ಏನಂದ್ರೆ ಈ ಬ್ರೇಕ್ ಆಯಿಲ್ ಗಾಳೀಲಿರೋ ತೇವ ಹೀರ್ಕೊಳ್ಳುತ್ತೆ, ಅದರ ಗುಣವೇ ಅದು. ಬ್ರೇಕಿಂದಾದ್ರೂ ಯಾವಾಗ್ಲೋ ಒಂದ್ಸಲ ಬದಲಾಗುತ್ತೆ, ಕ್ಲಚ್ ಡಬ್ಬಿ ಆಯಿಲ್ ಯಾರೂ ಮುಟ್ಟಲ್ಲ, ಲೆವೆಲ್ ಕಮ್ಮಿ ಆದ್ರೆ ಮೇಲೆ ಚೂರು ಹುಯ್ದು ಮುಚ್ಚಿಡ್ತಾರೆ. ಆ ತೇವ ಆಯಿಲಲ್ಲೇ ಬೆರೆತು ಸಿಲಿಂಡರ್ ಒಳಗೋಡೆ ತಿನ್ನುತ್ತೆ, ಸಣ್ಣ ಸಣ್ಣ ಗುಳಿ ಬೀಳುತ್ತೆ. ಗುಳಿ ಬಿದ್ದ ಗೋಡೆ ಮೇಲೆ ಹೊಸ ಕಪ್ ಓಡಿದ್ರೆ ಅದರ ಅಂಚು ಹರಿದೋಗೋಕೆ ಎಷ್ಟು ದಿನ ಬೇಕು? ಒಳಗಡೆ ಕನ್ನಡಿ ಥರ ಇದ್ರೆ ಕಿಟ್ ಹಾಕಿ, ಬೆರಳು ಉಗುರಿಗೆ ತರಕಲು ಸಿಕ್ರೆ ಪೂರ್ತಿ ಹೊಸದೇ ಹಾಕಿ. ಬಿಚ್ಚೋ ಮುಂಚೆ ಇದು ಗೊತ್ತಾಗಲ್ಲ, ಗಾಡಿ ವಯಸ್ಸು ನೋಡಿ ನಾನು ಪೂರ್ತೀನೇ ತಂದೆ. ಬೆಂಗಳೂರಿಗೆ ಹೇಗೂ ಕೆಲಸ ಇತ್ತು, ಜೆ.ಸಿ. ರೋಡಲ್ಲಿ ಸಿಕ್ತು. ಅಲ್ಲಿ ಹೋಗೋರು ಹಳೇದರ ಫೋಟೊ, ಚಾಸಿಸ್ ನಂಬರ್ ಎರಡೂ ಇಟ್ಕೊಂಡು ಹೋಗಿ, ಪೈಪ್ ಸೇರೋ ಬಾಯಿ ಯಾವ ಕಡೆ ಮುಖ ಮಾಡಿದೆ, ರಾಡ್ ಉದ್ದ ಎಷ್ಟು ಅಂತ ಕೌಂಟರ್ ಮೇಲೇ ಹೋಲಿಸಿ ನೋಡಿ.

ಜೊತೆಗೆ ಸೀಲ್ ಒಡೀದ ಡಾಟ್ 3 ಬ್ರೇಕ್ ಆಯಿಲ್ ಅರ್ಧ ಲೀಟರ್. ಡಬ್ಬಿ ಮುಚ್ಚಳದ ಮೇಲೆ ಏನು ಬರೆದಿದೆಯೋ ಅದು. ಡಾಟ್ 3, ಡಾಟ್ 4 ಒಂದೇ ಜಾತೀವು, ಬೆರೆತ್ರೂ ತೊಂದ್ರೆ ಇಲ್ಲ. ಡಾಟ್ 5 ಸಿಲಿಕಾನ್, ಅದನ್ನ ಮಾತ್ರ ಹತ್ರ ಸೇರಿಸಬೇಡಿ. ಹಾಗೇ ಮನೇಲಿ ಅರ್ಧ ಖಾಲಿಯಾಗಿ ವರ್ಷಗಟ್ಲೆ ಇರೋ ಬಾಟ್ಲಿನೂ ಬೇಡ, ಅದು ಅಷ್ಟೊತ್ತಿಗೆ ನೀರು ಕುಡಿದಿರುತ್ತೆ.

ಈಗ ಬಿಚ್ಚೋದು. ಹಿಂದಿನ ರಾತ್ರೀನೇ ಪೈಪ್ ನಟ್ಟಿಗೆ ಹೊರಗಡೆಯಿಂದ ತುಕ್ಕು ಬಿಡಿಸೋ ಸ್ಪ್ರೇ ಹೊಡೆದಿಟ್ಟಿದ್ದೆ. ಬೆಳಿಗ್ಗೆ ಡಬ್ಬಿ ಸುತ್ತ ಒರೆಸಿ, ಮುಚ್ಚಳ ತೆಗೆದು, ಹಳೇ ಆಯಿಲನ್ನ ಸಿರಿಂಜಲ್ಲಿ ಎಳೆದು ತೆಗೆದೆ. ಹೊಸ ಆಯಿಲ್ ತೆಳು ಹಳದಿ ಇರುತ್ತೆ, ನಂದು ಡಿಕಾಕ್ಷನ್ ಆಗಿತ್ತು. ಕೆಳಗೆಲ್ಲ ಹಳೇ ಟವೆಲ್ ಹಾಸಿ, ಪಕ್ಕದಲ್ಲಿ ಒಂದು ಬಕೆಟ್ ನೀರು ಇಟ್ಕೊಂಡೆ. ಪೇಂಟ್ ಮೇಲೆ ಹನಿ ಬಿದ್ರೆ ಒರೆಸಿದ್ರೆ ಸಾಲದು, ತಕ್ಷಣ ನೀರು ಹುಯ್ದು ತೊಳೀಬೇಕು, ನೀರಲ್ಲಿ ಕರಗಿ ಹೋಗುತ್ತೆ.

ಪೈಪಿನ ನಟ್ 10ನೇ ನಂಬರ್. ಮಾಮೂಲಿ ಬಾಯಿ ಪಾನಾ ಹಾಕಿ ತಿರುಗಿಸಿದ್ರೆ ಮೂಲೆ ಸವೆದು ಗುಂಡಗಾಗುತ್ತೆ, ಆಮೇಲೆ ವೈಸ್ ಗ್ರಿಪ್, ಆಮೇಲೆ ಪೈಪೇ ತಿರುಚ್ಕೊಳ್ಳುತ್ತೆ, ಕೊನೆಗೆ ಹೊಸ ಪೈಪ್ ಹುಡುಕೋ ಕೆಲಸ. ಇದಕ್ಕಂತಲೇ ಫ್ಲೇರ್ ನಟ್ ಪಾನಾ ಸಿಗುತ್ತೆ, ನೋಡೋಕೆ ರಿಂಗ್ ಪಾನಾ ಥರಾನೇ, ಪೈಪ್ ತೂರಿಸೋಕೆ ಒಂದು ಕಡೆ ಸೀಳಿರುತ್ತೆ. ಈ ಕೆಲಸಕ್ಕೆ ಒಂದೇ ಒಂದು ಟೂಲ್ ಕೊಳ್ಳಿ ಅಂದ್ರೆ ನಾನು ಇದನ್ನೇ ಹೇಳ್ತೀನಿ. ಪೈಪ್ ಬಿಡಿಸಿದ ತಕ್ಷಣ ಅದರ ಬಾಯಿಗೆ ಪ್ಲಾಸ್ಟಿಕ್ ಕವರ್ ಸುತ್ತಿ ರಬ್ಬರ್ ಬ್ಯಾಂಡ್ ಹಾಕಿ, ಧೂಳು ಹೋಗ್ಬಾರ್ದು.

ಆಮೇಲೆ ಒಳಗಡೆ ಪೆಡಲ್ ಹತ್ರ. ಇದು ಅಸಲಿ ಶಿಕ್ಷೆ. ಸೀಟ್ ಪೂರ್ತಿ ಹಿಂದಕ್ಕೆ ತಳ್ಳಿ, ಬೆನ್ನು ಬಾಗಿಲ ಅಂಚಿಗೆ ಕೊಟ್ಟು, ಕಾಲು ಹೊರಗಡೆ, ತಲೆ ಸ್ಟೇರಿಂಗ್ ಕೆಳಗೆ. ರಾಡ್‌ನ ತುದೀಲಿರೋ ಕವೆ ಪೆಡಲಿಗೆ ಒಂದು ಪಿನ್ನಲ್ಲಿ ಸೇರಿರುತ್ತೆ, ಪಿನ್ನಿಗೊಂದು ಕ್ಲಿಪ್. ಕ್ಲಿಪ್ ಎಳೆಯೋವಾಗ ಕೈ ಅಡ್ಡ ಇಟ್ಕೊಳ್ಳಿ, ಹಾರಿದ್ರೆ ಡ್ಯಾಶ್‌ಬೋರ್ಡ್ ಒಳಗೆಲ್ಲೋ ಸೇರ್ಕೊಳ್ಳುತ್ತೆ. ಪಿನ್ ತೆಗೆದು ಬೆರಳಾಡಿಸಿ ನೋಡಿ, ಮಧ್ಯ ಸವೆದು ಸೊಂಟ ಬಿದ್ದಿದ್ರೆ ಅದನ್ನೂ ಬದಲಾಯಿಸಿ. ಪೆಡಲ್ ತುಳಿದಾಗ ಶುರೂನಲ್ಲಿ ಸಡಿಲ ಸಡಿಲ ಅನ್ಸೋದು ಎಷ್ಟೋ ಸಲ ಈ ಪಿನ್ನಿಂದಲೇ.

ಸಿಲಿಂಡರ್ ಹಿಡಿದಿರೋದು ಎರಡೇ ನಟ್, 12ನೇ ನಂಬರ್. ಒಂದು ಸುಲಭ. ಇನ್ನೊಂದಕ್ಕೆ ಉದ್ದ ಎಕ್ಸ್‌ಟೆನ್ಶನ್ನು, ಅದರ ತುದೀಲಿ ಯೂನಿವರ್ಸಲ್ ಜಾಯಿಂಟ್ ಹಾಕಿ ಕಣ್ಣಿಗೆ ಕಾಣದೇ ಬರೀ ಕೈ ಅಂದಾಜಲ್ಲಿ ತಿರುಗಿಸಬೇಕು, ಇಷ್ಟರಲ್ಲಿ ನಮ್ಮಮ್ಮ ಎರಡು ಸಲ ಬಂದು "ಕಾಫಿ ಆರೋಗ್ತಿದೆ ಕಣೋ, ಎದ್ದು ಬಾ" ಅಂದು ಹೋದ್ರು.

ಹೊಸದನ್ನ ಹಾಕೋ ಮುಂಚೆ ಒಂದು ಕೆಲಸ ಇದೆ, ಗ್ಯಾರೇಜಲ್ಲಿ ಸಾಮಾನ್ಯವಾಗಿ ಮಾಡಲ್ಲ. ಸಿಲಿಂಡರನ್ನ ಮೆತ್ತಗೆ ವೈಸಿಗೆ ಕಚ್ಚಿಸಿ, ಡಬ್ಬಿಗೆ ಆಯಿಲ್ ಹುಯ್ದು, ಪೈಪ್ ಸೇರೋ ಬಾಯಿಗೆ ಬೆರಳು ಒತ್ತಿ ಹಿಡಿದು ರಾಡನ್ನ ನಿಧಾನಕ್ಕೆ ಒತ್ತೋದು, ಒತ್ತೋವಾಗ ಬೆರಳು ಸ್ವಲ್ಪ ಸಡಿಲ, ವಾಪಸ್ ಬರೋವಾಗ ಬಿಗಿ. ಗುಳ್ಳೆ ಬರ್ತಾ ಬರ್ತಾ ನಿಲ್ಲುತ್ತೆ, ಬೆರಳಿಗೆ ಗಟ್ಟಿ ಒತ್ತಡ ಸಿಗುತ್ತೆ. ಅಲ್ಲಿಗೆ ಸಿಲಿಂಡರ್ ಒಳಗಿನ ಗಾಳಿ ಹೋಯ್ತು. ಇದನ್ನ ಮಾಡದೇ ಒಣ ಸಿಲಿಂಡರ್ ಕೂರಿಸಿದ್ರೆ ಆಮೇಲೆ ಪೈಪಲ್ಲಿರೋ ಏರ್ ತೆಗೆಯೋವಾಗ ಪೆಡಲಲ್ಲಿ ಜೀವಾನೇ ಇರಲ್ಲ. ಮತ್ತೆ, ಸಿಲಿಂಡರ್ ಒಳಗೆ ತೊಳೀಬೇಕಂದ್ರೆ ಬ್ರೇಕ್ ಆಯಿಲಲ್ಲೇ ತೊಳೀರಿ. ಡೀಸೆಲ್, ಪೆಟ್ರೋಲ್, ಗ್ರೀಸ್, ಇಂಜಿನ್ ಆಯಿಲ್ ಯಾವುದೂ ಆ ರಬ್ಬರಿಗೆ ತಾಗಬಾರದು, ಉಬ್ಬಿ ಹೋಗುತ್ತೆ. ಕಿಟ್ ಹಾಕ್ಸಿ ತಿಂಗಳಿಗೇ ಮತ್ತೆ ಹೋಯ್ತು ಅಂತ ಹೇಳೋರ ಗಾಡೀಲಿ ಅರ್ಧಕ್ಕರ್ಧ ಈ ಡೀಸೆಲ್ ತೊಳೆತದ್ದೇ ಕೆಲಸ ಅಂತ ನನ್ನ ಗುಮಾನಿ.

ಕೂರಿಸೋವಾಗ ಮೊದಲು ಪೈಪ್ ನಟ್ಟನ್ನ ಬರೀ ಕೈಯಲ್ಲಿ ನಾಲ್ಕೈದು ಸುತ್ತು ಹಿಡಿಸಿ, ಸಿಲಿಂಡರ್ ಇನ್ನೂ ಅಲ್ಲಾಡ್ತಿರೋವಾಗಲೇ. ಎರಡು ನಟ್ ಟೈಟ್ ಮಾಡಿದ ಮೇಲೆ ಪೈಪ್ ಹಿಡಿಸೋಕೆ ಹೋದ್ರೆ ಕೋನ ಹೊಂದಲ್ಲ, ನಟ್ಟಿನ ಮರೆ (ಥ್ರೆಡ್) ಅಡ್ಡ ಹತ್ತುತ್ತೆ. ಪಾನಾ ಹಾಕೋದು ಎಲ್ಲಾ ಕೂತ ಮೇಲೆ, ಅದೂ ಹದವಾಗಿ.

ಆಮೇಲೆ ಏರ್ ತೆಗೆಯೋದು. ನಿಜ ಹೇಳ್ಬೇಕಂದ್ರೆ ಬಿಚ್ಚಿ ಹಾಕೋದಕ್ಕಿಂತ ಇದಕ್ಕೇ ಜಾಸ್ತಿ ಹೊತ್ತು ಹಿಡಿಯೋದು. ಹಿಂದಿನ ಚಕ್ರಕ್ಕೆ ಕಲ್ಲು ಕೊಟ್ಟು, ಮುಂದೆ ಜಾಕ್ ಎತ್ತಿ ಸ್ಟ್ಯಾಂಡ್ ಇಟ್ಟೆ, ಬರೀ ಜಾಕ್ ನಂಬಿ ಯಾರೂ ಗಾಡಿ ಕೆಳಗೆ ಹೋಗಬೇಡಿ. ಸ್ಲೇವ್ ಮೇಲಿನ, ಗಾಳಿ ಹೊರಬಿಡೋ ಬ್ಲೀಡರ್ ನಿಪ್ಪಲಿಗೆ ಮೀನಿನ ತೊಟ್ಟಿಗೆ ಹಾಕೋ ಪಾರದರ್ಶಕ ಟ್ಯೂಬ್ ಸಿಕ್ಕಿಸಿ, ಇನ್ನೊಂದು ತುದಿ ಆಯಿಲ್ ಇರೋ ಬಾಟ್ಲೀಲಿ ಮುಳುಗಿಸಿದೆ. ಕಣ್ಣಿಗೆ ಕನ್ನಡಕ ಹಾಕ್ಕೊಳ್ಳಿ, ಹನಿ ಬಿದ್ರೆ ಉರಿ ತಡೆಯೋಕಾಗಲ್ಲ. ಪೆಡಲ್ ಮೇಲೆ ಮಗಳು ಕೂತ್ಲು. ನಾನು "ತುಳಿ" ಅಂದ್ರೆ ತುಳಿದು "ತುಳ್ದೆ" ಅನ್ಬೇಕು, ನಾನು ನಿಪ್ಪಲ್ ಬಿಟ್ಟು, ಗುಳ್ಳೆ ಬಂದು, ಮತ್ತೆ ಬಿಗಿ ಮಾಡಿ "ಬಿಡು" ಅಂದ್ಮೇಲೇ ಕಾಲೆತ್ತಬೇಕು. ನಿಪ್ಪಲ್ ತೆಗೆದಿರೋವಾಗ ಕಾಲೆತ್ತಿದ್ರೆ ಅಷ್ಟೂ ಗಾಳಿ ವಾಪಸ್ ಒಳಗೆ ಎಳ್ಕೊಳ್ಳುತ್ತೆ. ಮೊದಮೊದಲು ಪೆಡಲ್ ತಾನಾಗಿ ಮೇಲೆ ಬರಲ್ಲ, ಕಾಲ್ಬೆರಳು ಕೆಳಗೆ ಕೊಟ್ಟು ಎತ್ತಬೇಕು. ಮಧ್ಯ ಮಧ್ಯ ಡಬ್ಬಿ ನೋಡಿ ತುಂಬಿಸ್ತಾ ಇರಿ, ಅದು ಪುಟ್ಟದು, ಬೇಗ ಖಾಲಿಯಾಗುತ್ತೆ, ಖಾಲಿಯಾದ್ರೆ ಮೊದಲಿಂದ ಶುರು.

ಗುಳ್ಳೆ ನಿಲ್ತು, ಆದ್ರೂ ಪೆಡಲ್ ಮೇಲಿನ ಅರ್ಧ ಮೆತ್ತಗೇ ಇತ್ತು. ಪೈಪ್ ಎಲ್ಲಿ ಮೇಲಕ್ಕೆ ಬಾಗಿದ್ಯೋ ಅಲ್ಲಿ ಗಾಳಿ ಕೂತ್ಕೊಳ್ಳುತ್ತೆ, ಪೆಡಲ್ ಒತ್ತಿದ್ರೆ ಸ್ವಲ್ಪ ಕೆಳಗೆ ಬರುತ್ತೆ, ಬಿಟ್ರೆ ಮತ್ತೆ ಮೇಲೆ ಹೋಗುತ್ತೆ. ಗಾಳಿಗೆ ಮೇಲೆ ಹೋಗೋದೇ ಇಷ್ಟ ಅಂದ್ಮೇಲೆ ಅದನ್ನ ಕೆಳಗಿಂದ ಯಾಕೆ ಎಳೀಬೇಕು? ಮೆಡಿಕಲ್ ಸ್ಟೋರಿಂದ 50 ಎಂಎಲ್ ಸಿರಿಂಜ್ ತರಿಸಿ, ಹೊಸ ಆಯಿಲ್ ತುಂಬಿ, ಟ್ಯೂಬಲ್ಲಿ ಗಾಳಿ ಇಲ್ದಂಗೆ ನೋಡ್ಕೊಂಡು, ಕೆಳಗಿನ ನಿಪ್ಪಲಿಂದಲೇ ಮೇಲಕ್ಕೆ ನಿಧಾನ ಒತ್ತಿದೆ. ಮಗಳು ಬಾನೆಟ್ ಹತ್ರ ನಿಂತು ನೋಡ್ತಿದ್ಲು, "ಅಪ್ಪಾ, ಡಬ್ಬೀಲಿ ಗುಳ್ಳೆ ಎದ್ದೇಳ್ತಿದೆ, ದೊಡ್ದೊಡ್ದು" ಅಂದ್ಲು. ಅದೇ ಇಷ್ಟೊತ್ತು ಕಾಡ್ಸಿದ್ದು. ಹೀಗೆ ಮಾಡೋವಾಗ ಡಬ್ಬಿ ಮೊದಲೇ ಅರ್ಧ ಖಾಲಿ ಇಟ್ಟಿರಿ, ಇಲ್ಲಾಂದ್ರೆ ತುಂಬಿ ಪೇಂಟ್ ಮೇಲೆ ಹರಿಯುತ್ತೆ. ಇದಾದ ಮೇಲೆ ಮಾಮೂಲಿ ಥರ ಇನ್ನೊಂದ್ಸಲ ತುಳಿದು ಬಿಟ್ಟು ಮಾಡಿದಾಗ ಪೆಡಲ್ ಮೇಲಿಂದಲೇ ಗಟ್ಟಿ ಸಿಕ್ತು.

ಕೊನೇದು ರಾಡ್ ಅಡ್ಜಸ್ಟ್‌ಮೆಂಟು, ಇದನ್ನ ಬಿಡೋ ಹಂಗಿಲ್ಲ. ಪೆಡಲ್ ಮೇಲೆ ಇದ್ದಾಗ ರಾಡ್ ಪಿಸ್ಟನ್ನಿಗೆ ಒತ್ಕೊಂಡು ನಿಂತಿರಬಾರದು. ಬೆರಳಲ್ಲಿ ಒತ್ತಿದ್ರೆ ಪೆಡಲ್ ತುದೀಲಿ 1ರಿಂದ 5 ಎಂಎಂ ಅಷ್ಟು ಖಾಲಿ ಆಟ ಇರಬೇಕು. ಆಟ ಇಲ್ದಿದ್ರೆ ಪಿಸ್ಟನ್ ಪೂರ್ತಿ ವಾಪಸ್ ಬರಲ್ಲ, ಡಬ್ಬಿಗೆ ಹೋಗೋ ದಾರಿ ತೆರೆಯಲ್ಲ, ಬಿಸಿಗೆ ಆಯಿಲ್ ಹಿಗ್ಗಿ ಕ್ಲಚ್ಚನ್ನ ಯಾರೋ ಸದಾ ಸ್ವಲ್ಪ ತುಳಿದು ಹಿಡಿದಂಗಾಗುತ್ತೆ, ಚೆನ್ನಾಗಿರೋ ಪ್ಲೇಟ್ ಸುಮ್ನೆ ಸುಟ್ಟೋಗುತ್ತೆ. ಆಟ ಜಾಸ್ತಿ ಬಿಟ್ರೆ ಮತ್ತೆ ರಿವರ್ಸ್ ಗರ್ ಅನ್ನುತ್ತೆ. ಲಾಕ್ ನಟ್ ಬಿಟ್ಟು ರಾಡ್ ತಿರುಗಿಸಿ ಹದ ನೋಡಿ ಮತ್ತೆ ಲಾಕ್ ಮಾಡಿ.

ಹಳೇ ಸಿಲಿಂಡರ್ ಕುತೂಹಲಕ್ಕೆ ಬಿಚ್ಚಿ ನೋಡಿದೆ. ತಳದ ಕಡೆ ಕಪ್ಪಗೆ ಕೆಸರಿನಂಥದ್ದು, ಒರೆಸಿದ್ರೆ ಗೋಡೇಲಿ ಗುಳಿಗಳು, ಉಗುರಿಗೆ ಚೆನ್ನಾಗೇ ಸಿಗ್ತವೆ. ಅದಕ್ಕೆ ಕಿಟ್ ಹಾಕಿದ್ರೆ ದುಡ್ಡು ದಂಡ. ಯಜಮಾನ್ರಿಗೂ ತೋರಿಸಿದೆ, ನೋಡಿ "ಸರಿ ಬಿಡಿ" ಅಂದ್ರು, ಅವರ ಬಾಯಲ್ಲಿ ಅದು ದೊಡ್ಡ ಮಾತು.

ಇದೆಲ್ಲ ಸಿಲಿಂಡರ್ ಹೊರಗಡೆ ಇರೋ ಗಾಡಿಗಳ ಕಥೆ. ಮಾರುತಿ 800 ಥರದ್ದಕ್ಕೆ ಕೇಬಲ್ಲು, ಅಲ್ಲಿ ಈ ಆಯಿಲ್ ರಗಳೆನೇ ಇಲ್ಲ. ಈಗಿನ ಕೆಲವು ಕಾರುಗಳಲ್ಲಿ ಸ್ಲೇವ್ ಗೇರ್‌ಬಾಕ್ಸ್ ಒಳಗೇ, ಕ್ಲಚ್ ಬಿಡಿಸೋ ರಿಲೀಸ್ ಬೇರಿಂಗ್ ಜೊತೆ ಸೇರಿರುತ್ತೆ, ಮಾಸ್ಟರ್ ಬದಲಾಯಿಸಬಹುದು, ಸ್ಲೇವ್ ಕೈಕೊಟ್ರೆ ಗೇರ್‌ಬಾಕ್ಸ್ ಇಳಿಸಲೇಬೇಕು, ಅದು ಮನೆ ಅಂಗಳದ ಕೆಲಸ ಅಲ್ಲ.

ನಂದರ ಸ್ಲೇವೂ ಗಾಡಿ ಜೊತೆ ಬಂದಿದ್ದೇ, ಅಷ್ಟೇ ವಯಸ್ಸು. ಮೇಲಿಂದ ಈಗ ಹೊಸ ಸಿಲಿಂಡರಿನ ಪೂರ್ತಿ ಒತ್ತಡ ಬೀಳೋವಾಗ ಹಳೇ ಕಪ್ ಸೋಲೋದು ಮಾಮೂಲು, ಹಂಗಾಗಿ ಪ್ರತಿ ಸಲ ಗ್ರೀಸ್ ಹೊಡೆಸೋವಾಗ ಅದರ ಬೂಟ್ ಎತ್ತಿ ನೋಡ್ತಿದೀನಿ. ಇನ್ನೂ ಒಣಗೇ ಇದೆ, ಅದಕ್ಕೆ ಬೇಕಾದ ಕಿಟ್ ತಂದು ಡ್ಯಾಶ್‌ಬೋರ್ಡ್ ಡಬ್ಬೀಲಿ ಇಟ್ಟಿದೀನಿ.